ಎರಡನೇ ವರ್ಷವಿಲ್ಲದ ಪಂಚಾಂಗ

ಹೊಸ ಲೋಕವೊಂದನ್ನು ಸೃಷ್ಟಿಸುವುದು ಬ್ರಹ್ಮನಿಗೆ ಕಷ್ಟವಾಗಿರಬಹುದು, ನನಗಂತೂ ಆಗಲಿಲ್ಲ. ಬೆಟ್ಟ, ಕಡಲು, ರಾಜ, ರಾಕ್ಷಸ ಎಲ್ಲ ಒಂದೇ ಸಂಜೆಯಲ್ಲಿ ಮುಗಿಯಿತು. ಕಷ್ಟವಾದದ್ದು ಪಂಚಾಂಗ. ಅದೊಂದಿಲ್ಲದಿದ್ದರೆ ರಾಕ್ಷಸ ಕೂಡ ಯಾವತ್ತು ಬರಬೇಕೆಂದು ತಿಳಿಯದೆ ಗುಹೆಯಲ್ಲೇ ಆಕಳಿಸುತ್ತ ಕೂತಿರುತ್ತಾನೆ. ಹಾಗಾಗಿ ಪಂಚಾಂಗವನ್ನೂ ನಾನೇ ಮಾಡಿದೆ, ಮಾಡಿ ಅದರ ಕೈಯಲ್ಲೇ ಸಿಕ್ಕಿಬಿದ್ದೆ. ಪಂಚಾಂಗ ಬರೆಯುವ ಭಟ್ಟರು ಯಾರೂ ಹೀಗೆ ಸಿಕ್ಕಿಬಿದ್ದದ್ದನ್ನು ನಾನು ಕೇಳಿಲ್ಲ. ಅವರು ಹುಷಾರು.

ತೊಂಬತ್ತೇಳರಲ್ಲಿ ಉಪ್ಪುಂದದಿಂದ ಕುಂದಾಪುರಕ್ಕೆ ಮದುವೆಯಾಗಿ ಬಂದವಳು ನಾನು. ನಮ್ಮ ಕಡೆ ಹೊಸ ಮದುಮಗಳು ಮೊದಲ ವರ್ಷದ ಆಸಾಡಿ ತಿಂಗಳನ್ನು, ಅಂದರೆ ಆಷಾಢವನ್ನು, ಗಂಡನ ಮನೆಯಲ್ಲಿ ಕಳೆಯುವಂತಿಲ್ಲ, ತವರಿಗೆ ಹೋಗಿ ಕೂರಬೇಕು. ಇಂಥ ಒಳ್ಳೆಯ ಶಾಸ್ತ್ರವನ್ನು ಯಾರು ಮಾಡಿದರೋ, ಅವರ ಹೊಟ್ಟೆ ತಣ್ಣಗಿರಲಿ. ಆಗ ದೋಣಿಗಳೆಲ್ಲ ದಡ ಹತ್ತಿರುತ್ತವೆ, ಹಸಿ ಮೀನು ಸಿಗುವುದಿಲ್ಲ. ಅಮ್ಮ ಒಣಮೀನು ಸುಟ್ಟು ಚಟ್ನಿ ಅರೆಯುತ್ತಿದ್ದಳು. ನಾನು ಅದನ್ನು ನಂಚಿಕೊಂಡು ಗಂಜಿ ಉಂಡು, ಬಟ್ಟಲು ಅಲ್ಲೇ ಬಿಟ್ಟು ಎದ್ದು ಹೋಗಿ ಮಲಗುತ್ತಿದ್ದೆ. ಉಂಡ ಬಟ್ಟಲನ್ನು ತೊಳೆಯದೆ ಬಿಟ್ಟು ಹೋಗುವ ಸುಖ ಎಂಥದೆಂದು ಮದುವೆಯಾದ ಹೆಂಗಸರನ್ನೇ ಕೇಳಬೇಕು. ಆದರೆ ಆ ಪುಣ್ಯಾತ್ಮ ಶಾಸ್ತ್ರವನ್ನು ಮೊದಲ ವರ್ಷಕ್ಕೇ ಮುಗಿಸಿಬಿಟ್ಟಿದ್ದ. ಎರಡನೇ ವರ್ಷ ಆಸಾಡಿ ಹತ್ತಿರ ಬಂದಾಗ ನಾನು ಅತ್ತೆಯ ಎದುರು ಮುಖ ಸಣ್ಣದು ಮಾಡಿಕೊಂಡು ಸುಳಿದಾಡಿದೆ. ಅವರು ಕೇಳಿದ್ದು "ಅಕ್ಕಿ ತೊಳ್ದಾಯ್ತಾ?" ಎಂದು ಮಾತ್ರ.

ಆಗೆಲ್ಲ ಸಂಜೆ ಕರೆಂಟು ಹೋದ ಕೂಡಲೇ ನೆರೆಮನೆಯ ಮಕ್ಕಳು ಕಥೆ ಕೇಳಲು ನಮ್ಮ ಜಗಲಿಗೆ ಬರುತ್ತಿದ್ದವು. ಅವಕ್ಕಾಗಿ ನಾನು ನೀರ್ಕೋಟೆ ಎಂಬ ರಾಜ್ಯ ಕಟ್ಟಿದ್ದೆ. ಅಲ್ಲಿ ಬಂಗುಡೆ ತಿಂಗಳು, ಗೇರುಹಣ್ಣಿನ ತಿಂಗಳು, ಉಪ್ಪಿನಕಾಯಿ ತಿಂಗಳು ಎಂದೆಲ್ಲ ಇದ್ದವು. ಆಕಾಶದಲ್ಲಿ ಇಬ್ಬರು ಚಂದ್ರರು. ಹಾಗಾದರೆ ಸಂಕಷ್ಟಿ ಮಾಡುವವರು ಯಾವ ಚಂದ್ರನನ್ನು ನೋಡಿ ಊಟ ಮಾಡಬೇಕು ಎಂದು ಅತ್ತೆ ಒಳಗಿನಿಂದಲೇ ವಿಚಾರಿಸಿದರು. ಮೊದಲು ಬಂದವನನ್ನು ಎಂದೆ. ಅವರಿಗೆ ಸಮಾಧಾನವಾಗಿರಬೇಕು, ಪತ್ರೊಡೆಗೆಂದು ಕೊಯ್ದ ಕೆಸುವಿನ ಎಲೆಯ ಬುಟ್ಟಿ ಹಿಡಿದು ಜಗಲಿಗೇ ಬಂದು ಕೂತರು.

ಇದಕ್ಕಿಂತ ಒಳ್ಳೆಯ ಸಮಯ ಸಿಗಲಾರದೆಂದು ನಾನು ಕಾಯ್ದೆ ಹೊರಡಿಸಿದೆ. ನೀರ್ಕೋಟೆಯಲ್ಲಿ ವರ್ಷಗಳನ್ನು ಎಣಿಸುವುದಿಲ್ಲ. ಯುಗಾದಿ ಬಂದರೆ ಮತ್ತೆ ಮೊದಲನೇ ವರ್ಷವೇ, ಎರಡನೆಯದು ಎಂಬುದಿಲ್ಲ. ಆದ್ದರಿಂದ ಅಲ್ಲಿ ಎಲ್ಲ ಸೊಸೆಯರೂ ಯಾವತ್ತೂ ಹೊಸ ಮದುಮಗಳೇ, ಆಸಾಡಿ ಬಂತೆಂದರೆ ಎಲ್ಲರೂ ತವರಿಗೆ. "ಆ ತಿಂಗ್ಳ್ ಮುಗಿಯುದ್ ಯಾವಾಗ?" ಎಂದಿತು ಒಂದು ಮಗು. "ಮದುಮಗ್ಳಿಗೆ ವಾಪಸ್ ಬಪ್ಪುಕೆ ಮನಸಾದಾಗ" ಎಂದೆ, ಅತ್ತೆಗೆ ಕೇಳುವಷ್ಟು ಗಟ್ಟಿಯಾಗಿ.

ಅತ್ತೆ ಎಲೆಯ ನಾರು ತೆಗೆಯುವುದನ್ನು ನಿಲ್ಲಿಸಿದರು. "ಹಾಂಗಾರೆ ನಾನೂ ಹೊಸ ಮದುಮಗ್ಳೇ ಅಲ್ದಾ?"

"ಆ ಲೆಕ್ಕದಂಗೆ ಹೌದತ್ತೆ" ಎಂದೆ ನಗುತ್ತ.

"ನಾ ಕೊಕ್ಕರ್ಣೆ ತಾಯಿಮನಿಗೆ ಆಸಾಡಿಗೆ ಹೋದ್ದ್ ಒಂದೇ ಸಲ. ಮತ್ತೆ ಯಾರೂ ಹೋಗ್ ಅಂದೇ ಇಲ್ಲೆ. ನಿನ್ ಪಂಚಾಂಗ ಒಳ್ಳೇದಿತ್ತ್ ಹೆಣ್ಣೇ."

ಮರುದಿನ ಬೆಳಿಗ್ಗೆ ನೋಡುತ್ತೇನೆ, ಅತ್ತೆ ಇಸ್ತ್ರಿ ಮಾಡಿದ ಸೀರೆ ಉಟ್ಟು, ಬಿಸಿ ಪತ್ರೊಡೆಯನ್ನು ಬಾಳೆಲೆಯಲ್ಲಿ ಕಟ್ಟಿ ಕೈಚೀಲಕ್ಕೆ ಹಾಕಿಕೊಂಡು ಹೊಸ್ತಿಲಲ್ಲಿ ನಿಂತಿದ್ದಾರೆ. ಮಾವ ಪೇಪರಿನಿಂದ ತಲೆಯೆತ್ತಿ "ಎಲ್ಲಿಗೆ ಹೋಪುದ್?" ಎಂದರು. "ತಾಯಿಮನಿಗೆ. ಆಸಾಡಿ ಅಲ್ದಾ?" "ನಿಂಗೆಂತ ಆಸಾಡಿ ಮಾರಾಯ್ತಿ?" "ಸೊಸೆ ಹತ್ರ ಕೇಣಿ" ಎಂದವರೇ ಕೊಕ್ಕರ್ಣೆಗೆಂದು ಬ್ರಹ್ಮಾವರದ ಬಸ್ಸಿಗೆ ನಡೆದೇಬಿಟ್ಟರು. ಮಾವ ನನ್ನ ಕಡೆ ನೋಡಿದರು. ನಾನು ಅಕ್ಕಿ ತೊಳೆಯಲು ಒಳಗೆ ಓಡಿದೆ.

ತವರಿಗೆ ಹೋಗಬೇಕಾಗಿದ್ದವಳು ಹೀಗೆ ಮಾವನ ಗಂಜಿ, ಗಂಡನ ಕಾಫಿ, ಹಟ್ಟಿಯ ದನ ಎಲ್ಲವನ್ನೂ ಹೊತ್ತುಕೊಂಡು ಕುಂದಾಪುರದಲ್ಲೇ ಉಳಿದೆ. ಸಾಕಾಗಿ ಒಂದು ದಿನ ಕೊಕ್ಕರ್ಣೆಗೆ ಫೋನು ಮಾಡಿ "ಅತ್ತೆ, ಯಾವಾಗ ಬತ್ರಿ?" ಎಂದೆ. "ಮನಸಾದಾಗ ಬತ್ತೆ. ನೀನೇ ಅಲ್ದಾ ಹೇಳದ್ದ್?" ಎಂದು ನಕ್ಕರು. ಅವರು ಹಾಗೆ ಹೊಟ್ಟೆ ತುಂಬ ನಕ್ಕದ್ದನ್ನು ನಾನು ಮೊದಲ ಸಲ ಕೇಳಿದ್ದು. ಸಿಟ್ಟೆಲ್ಲ ಎಲ್ಲಿ ಹೋಯಿತೋ ಗೊತ್ತಾಗಲಿಲ್ಲ. ಕೊನೆಗೂ ಹಲಸಿನ ಹಪ್ಪಳದ ಕಟ್ಟು ಹಿಡಿದು ಬಂದವರು, ಚಪ್ಪಲಿ ಕಳಚುತ್ತಲೇ ತಿದ್ದುಪಡಿ ತಂದರು. "ಬಪ್ಪೊರ್ಷ ನೀ ಹೋಗ್. ಒಂದೊರ್ಷ ನಾನು, ಒಂದೊರ್ಷ ನೀನು. ಒಬ್ರ್ ಬಂದ್ಮೇಲೇ ಇನ್ನೊಬ್ರ್ ಹೋಪುದ್. ಇಲ್ದಿರೆ ನಿನ್ ಮಾವ ಉಪಾಸ ಬೀಳ್ತ್ರ್."

ಗೋಡೆಯ ಕ್ಯಾಲೆಂಡರು ಏನೇ ಹೇಳಲಿ, ನಮ್ಮ ಮನೆ ನಡೆದದ್ದು ನೀರ್ಕೋಟೆಯ ಪಂಚಾಂಗದಂತೆ. ಜಗಲಿಯ ಮಕ್ಕಳು ದೊಡ್ಡವರಾದರು, ಮಾವ ತೀರಿಕೊಂಡರು, ಮನೆಗೆ ಇನ್ವರ್ಟರ್ ಬಂದು ಕಥೆ ಹೇಳುವ ಹೊತ್ತೇ ಇಲ್ಲವಾಯಿತು. ಸರದಿ ಮಾತ್ರ ಒಮ್ಮೆಯೂ ತಪ್ಪಲಿಲ್ಲ. ಮಂಡಿನೋವು ಬಂದ ಮೇಲೂ ಅತ್ತೆ ಆಸಾಡಿಗೆ ರಿಕ್ಷಾ ಮಾಡಿಕೊಂಡಾದರೂ ಹೋಗುತ್ತಿದ್ದರು.

ಹೋದ ವರ್ಷ ನನ್ನ ಸರದಿಯಿತ್ತು, ಹೋಗಿ ಬಂದೆ. ಈ ಬೇಸಿಗೆಯಲ್ಲಿ ಅತ್ತೆಯೂ ಮಾವನ ದಾರಿ ಹಿಡಿದು ಹೋಗಿಬಿಟ್ಟರು. ಆಸಾಡಿ ಬಂದಾಗ ಗಂಡ ಪಾಪ ಒಳ್ಳೆಯ ಮನಸ್ಸಿನಿಂದಲೇ "ಈ ಸಲವೂ ನೀನೇ ಹೋಯ್ ಬಾ" ಎಂದರು. ಚೀಲ ತೆಗೆದೆ, ಸೀರೆ ತುಂಬಿದೆ, ಮತ್ತೆ ಕಪಾಟಿನಲ್ಲೇ ಇಟ್ಟೆ.

"ಈ ವರ್ಷ ಅತ್ತೆದ್ ಅಲ್ದಾ? ಅವ್ರ್ ಬರ್ದೆ ನಾ ಹೋಪುದ್ ಹ್ಯಾಂಗೆ?" ಎಂದೆ.

ವಾಪಸ್ ಬರಲು ಮನಸ್ಸಾಗುವವರೆಗೆ ಆಸಾಡಿ ಮುಗಿಯುವುದಿಲ್ಲವೆಂದು ಕಾಯ್ದೆ ಮಾಡಿದವಳು ನಾನೇ, ಅತ್ತೆಗೆ ಇನ್ನೂ ಮನಸ್ಸಾದ ಹಾಗಿಲ್ಲ. ತವರಿಗೆ ಹೋಗಲೆಂದೇ ಒಂದು ಪಂಚಾಂಗ ಹುಟ್ಟಿಸಿದವಳು ಅದನ್ನೇ ಪಾಲಿಸುತ್ತ ಇಲ್ಲಿ ಕೂತಿದ್ದೇನೆ. ಉಂಡ ಬಟ್ಟಲನ್ನು ಮಾತ್ರ ಈ ತಿಂಗಳು ಅಲ್ಲೇ ಬಿಟ್ಟು ಏಳುತ್ತೇನೆ. ಅತ್ತೆ ಗದರಲು ಬಂದರೆ ಬರಲಿ.