ದೊಡ್ಡವ್ವನ ಕೇಸು

ನಮ್ಮ ಮನೆತನದಲ್ಲಿ ಇಂಗ್ಲಿಷನ್ನು ಮೊದಲು ಕಲಿತವರು ಯಾರು ಎಂಬ ವಾದ ವರ್ಷಕ್ಕೊಮ್ಮೆಯಾದರೂ ನಮ್ಮಲ್ಲಿ ಏಳುತ್ತದೆ. ನನ್ನ ತಮ್ಮ ತಾನೇ ಎನ್ನುತ್ತಾನೆ. ಅವನು ಕಾಲೇಜಿನ ಮೆಟ್ಟಿಲು ಹತ್ತಿ, ಅರ್ಧಕ್ಕೇ ಇಳಿದು ಬಂದವನು. ನನ್ನ ಗಂಡ ತಾನು ಎನ್ನುತ್ತಾರೆ. ಅವರು ಅಂಚೆ ಕಚೇರಿಯಲ್ಲಿ ತಂತಿ ಓದುತ್ತಿದ್ದವರು. ನಾನು ಮಾತ್ರ ಆ ಪಟ್ಟವನ್ನು ಇಬ್ಬರಿಗೂ ಕೊಡುವುದಿಲ್ಲ. ಅದು ಸಲ್ಲಬೇಕಾದದ್ದು ನನ್ನ ತಾಯಿಯ ಅಕ್ಕನಿಗೆ, ನಮ್ಮ ದೊಡ್ಡವ್ವನಿಗೆ. ಅವಳು ಹೆಬ್ಬೆಟ್ಟು ಒತ್ತುತ್ತಿದ್ದ ಹೆಂಗಸು. ಅವಳಿಗೆ ಬರುತ್ತಿದ್ದ ಇಂಗ್ಲಿಷ್ ಒಟ್ಟು ಒಂದೇ ಒಂದು ಶಬ್ದ. ಆದರೆ ಆ ಒಂದನ್ನೇ ಅವಳು ದುಡಿಸಿಕೊಂಡಷ್ಟು ಇಂಗ್ಲೆಂಡಿನ ದೊರೆಗಳೂ ದುಡಿಸಿಕೊಂಡಿರಲಿಕ್ಕಿಲ್ಲ. ಆ ಶಬ್ದ ‘ಕೇಸು’.

ಅದು ನಿಜಾಮರ ಕಾಲ. ನಮ್ಮೂರು ಮಾನ್ವಿ ತಾಲ್ಲೂಕಿನ ಕಲ್ಲೂರು. ನಮ್ಮ ಕೇರಿ ಊರಿನಿಂದ ಒಂದು ಕೂಗಳತೆ ಆಚೆಗಿತ್ತು. ಕೇರಿಯವರೆಲ್ಲ ಊರೊಳಗಿನವರ ಹೊಲಗಳಲ್ಲಿ ದುಡಿಯುವವರು. ದೊಡ್ಡವ್ವ ಸಣ್ಣ ವಯಸ್ಸಿನಲ್ಲೇ ಗಂಡನನ್ನು ಕಳೆದುಕೊಂಡು ರಾಯಚೂರಿಗೆ ಹೋಗಿ, ಅಲ್ಲಿಯ ಹೆಣ್ಣುಮಕ್ಕಳ ದವಾಖಾನೆಯೊಂದರಲ್ಲಿ ಕಸ ಹೊಡೆಯುವ ಕೆಲಸಕ್ಕೆ ಸೇರಿದ್ದಳು. ಕಸಬರಿಗೆ ಹಿಡಿದು ಒಳಗೆ ಹೋದವಳು ಹತ್ತು ವರ್ಷದಲ್ಲಿ ಆಯಾ ಆದಳು. ಇನ್ನೂ ಐದು ವರ್ಷ ಕಳೆಯುವ ಹೊತ್ತಿಗೆ, ಹೆರಿಗೆ ಕಷ್ಟವಾದರೆ ಡಾಕ್ಟರಮ್ಮನೇ ಅವಳನ್ನು ಪಕ್ಕದಲ್ಲಿ ನಿಲ್ಲಿಸಿಕೊಳ್ಳುವಷ್ಟು ಕೈಗುಣ ಬಂದಿತ್ತು.

ದವಾಖಾನೆಗೆ ಬಂದ ಪ್ರತಿ ಹೆಂಗಸನ್ನೂ ಡಾಕ್ಟರಮ್ಮ ‘ಕೇಸ್’ ಎನ್ನುತ್ತಿದ್ದರು. ಅವರು ಮದ್ರಾಸಿನ ಕಡೆಯವರು, ತೆಲುಗು ಮನೆಮಾತಿನವರು. ಅವರ ಬಾಯಿಯಿಂದ ಉದುರಿದ ಈ ಶಬ್ದವನ್ನು ದೊಡ್ಡವ್ವ ಹೆಕ್ಕಿಕೊಂಡಳು. ಹೆಕ್ಕಿಕೊಂಡವಳು ದವಾಖಾನೆಯಲ್ಲೇ ಬಿಟ್ಟು ಬಂದಿದ್ದರೆ ಈ ಪ್ರಬಂಧ ಬರೆಯುವ ಪ್ರಸಂಗವೇ ಇರುತ್ತಿರಲಿಲ್ಲ.

ನಾನು ಶಾಲೆಗೆಂದು ರಾಯಚೂರಿಗೆ ಬಂದು ಅವಳ ಒಂದೇ ಕೋಣೆಯ ಮನೆಯಲ್ಲಿ ಆರು ವರ್ಷ ಇದ್ದೆ. ಮೊದಲ ತಿಂಗಳು ನನಗೆ ಅವಳ ಮಾತೇ ತಿಳಿಯಲಿಲ್ಲ. ಬೇಳೆ ಬೇಯದಿದ್ದರೆ “ಈ ಬ್ಯಾಳಿ ಕೇಸ್ ಭಾಳ ಕಠಿಣ ಅದ” ಎನ್ನುತ್ತಿದ್ದಳು. ಬೆಕ್ಕು ಹಾಲು ಕುಡಿದು ಓಡಿದರೆ “ಕೇಸ್ ಕೈ ಬಿಟ್ಟು ಹೋತು”. ದಿಂಬಿನ ಚೀಲ ಕೇಸು, ಡಾಕ್ಟರಮ್ಮನ ಕನ್ನಡಕದ ಡಬ್ಬಿ ಕೇಸು, ಅವರ ಪೆಟ್ಟಿಗೆಯೂ ಕೇಸು. ಪಕ್ಕದ ಮನೆಯಲ್ಲಿ ಒಬ್ಬ ಟಾಂಗಾವಾಲಾ ಇದ್ದ. ಹೆಂಡತಿಯ ಮೇಲೆ ಸಿಟ್ಟು ಬಂದರೆ ಅವನು ಹೆಂಡತಿಗೆ ಏನೂ ಅನ್ನದೆ ಕುದುರೆಯ ಮುಂದೆ ನಿಂತು ಅರ್ಧ ತಾಸು ಭಾಷಣ ಮಾಡುತ್ತಿದ್ದ. ಅವನನ್ನು ಕಂಡರೆ ದೊಡ್ಡವ್ವ ನನ್ನ ಕಿವಿಯಲ್ಲಿ “ಅದೊಂದು ಕೇಸ್ ನೋಡು” ಎನ್ನುವಳು. ಅವಳು ತಾನೇ ಎಂಥ ಕೇಸು ಎಂಬುದು ಅವಳಿಗೆ ಹೊಳೆದಿರಲೇ ಇಲ್ಲ.

ಬರುಬರುತ್ತ ನನಗೆ ಅದರ ವ್ಯಾಕರಣ ತಿಳಿಯಿತು. ಚುಟುಕಾಗಿ ‘ಕೇಸ್’ ಎಂದರೆ ಡಬ್ಬಿ ಅಥವಾ ಚೀಲ. ರಾಗ ಎಳೆದು ‘ಕೇಸೂ’ ಎಂದರೆ ತಲೆ ಕೆಟ್ಟ ಮನುಷ್ಯ. ದನಿ ತಗ್ಗಿಸಿ ಮೆತ್ತಗೆ ಹೇಳಿದರೆ ತುಂಬು ಬಸುರಿ. ನಮ್ಮದು ಉರ್ದು ಶಾಲೆಯಾದರೂ ಕನ್ನಡ ಹೇಳಿಕೊಡಲು ಒಬ್ಬ ಮಾಸ್ತರರಿದ್ದರು. ಒಂದು ಸಂಜೆ ನಾನು ಅವರ ಪಾಠವನ್ನು ಗಟ್ಟಿಯಾಗಿ ಓದುತ್ತಿದ್ದೆ: “ಕೇಶ ಎಂದರೆ ಕೂದಲು.” ರೊಟ್ಟಿ ಬಡಿಯುತ್ತಿದ್ದ ದೊಡ್ಡವ್ವ ಕೈ ನಿಲ್ಲಿಸಿದಳು.

“ಕೂದಲಕ್ಕೂ ಕೇಸ್ ಅಂತಾರೇನು?”

“ಅದು ಕೇಶ, ದೊಡ್ಡವ್ವ. ಬ್ಯಾರೆ.”

“ಏನ್ ಬ್ಯಾರೆ? ಇಂಗ್ಲಿಷ್ ಅಂದ್ರ ಸಣ್ಣ ಭಾಷಾ ಅಲ್ಲ ಬಿಡು” ಎಂದು ತಲೆದೂಗಿ ರೊಟ್ಟಿ ಬಡಿಯತೊಡಗಿದಳು. ಮರುದಿನದಿಂದ ನನ್ನ ಹೆರಳೂ ಕೇಸಿನ ಪಟ್ಟಿಗೆ ಸೇರಿತು.

ಇಷ್ಟೊಂದು ಅರ್ಥಗಳನ್ನು ಒಂದೇ ಶಬ್ದಕ್ಕೆ ಹೊರಿಸಿದರೆ ಅದು ಎಂದಾದರೂ ಎಡವಲೇಬೇಕಲ್ಲ? ಎಡವಿದ್ದು ರಾಯಚೂರು ಸ್ಟೇಷನ್ನಿನಲ್ಲಿ. ಡಾಕ್ಟರಮ್ಮ ರಜೆಯ ಮೇಲೆ ಮದ್ರಾಸಿಗೆ ಹೊರಟಿದ್ದರು. ಸ್ಟೇಷನ್ನಿಗೆ ಹೋಗುವ ದಾರಿಯಲ್ಲಿ ಯಾರನ್ನೋ ಕಾಣಬೇಕಿದ್ದುದರಿಂದ ಮೊದಲೇ ಹೊರಟು, ದೊಡ್ಡವ್ವನಿಗೆ ಹೇಳಿದರು: “ಮೂಲೆಯಲ್ಲಿ ನನ್ನ ಕೇಸ್ ಇದೆ. ಹುಷಾರಾಗಿ ಟಾಂಗಾದಲ್ಲಿ ಸ್ಟೇಷನ್ನಿಗೆ ತಂದುಬಿಡು. ಅಲುಗಾಡಿಸಬೇಡ, ಒಳಗೆ ನಾಜೂಕು ವಸ್ತು ಇದೆ.”

ಮೂಲೆಯಲ್ಲಿ ಪೆಟ್ಟಿಗೆ ಇದ್ದದ್ದು ಡಾಕ್ಟರಮ್ಮನ ಕೋಣೆಯಲ್ಲಿ. ದೊಡ್ಡವ್ವ ನೋಡಿದ್ದು ವಾರ್ಡಿನ ಮೂಲೆ. ಅಲ್ಲಿ ಕಲ್ಮಲದಿಂದ ಬಂದ ತುಂಬು ಬಸುರಿಯೊಬ್ಬಳು ಮಲಗಿದ್ದಳು. ಅಲುಗಾಡಿಸಬಾರದು, ಒಳಗೆ ನಾಜೂಕು ಇದೆ ಎಂದ ಮೇಲೆ ಇನ್ನೇನು ಸಂಶಯ? ಟಾಂಗಾಕ್ಕೆ ಎರಡು ಹಾಸಿಗೆ ಹಾಸಿ, ಅವಳನ್ನು ಮಲಗಿಸಿ, ಕುದುರೆಯನ್ನು ಹೆಜ್ಜೆ ಹೆಜ್ಜೆಗೂ ತಡೆಯುತ್ತ ಸ್ಟೇಷನ್ನಿಗೆ ಬಂದು, ಅವಳನ್ನು ಪ್ಲಾಟ್‌ಫಾರ್ಮಿಗೆ ತಂದು ನಿಲ್ಲಿಸಿದಳು.

“ತಂದೀನಿ ನೋಡ್ರಿ ಅಮ್ಮಾ, ಒಂದೀಟೂ ಅಲುಗಾಡಿಲ್ಲ.”

ಡಾಕ್ಟರಮ್ಮ ಆ ಹೆಂಗಸಿನ ನಾಡಿ ಹಿಡಿದು ನೋಡಿ, ಬೆಂಚಿನ ಮೇಲೆ ಕೂಡಿಸಿ, ತಮಗೆಂದು ತಂದಿದ್ದ ಹಾಲು ಕುಡಿಸಿದರು. ರೈಲು ಬಂತು. ಪೆಟ್ಟಿಗೆಯಿಲ್ಲದೆ ಡಾಕ್ಟರಮ್ಮ ಹತ್ತಿದರು. ಕಲ್ಮಲದ ಹೆಂಗಸು ಮಾತ್ರ ಬಹಳ ಸಂತೋಷಪಟ್ಟಳು. “ಹಡಿಯೂದರಾಗ ಒಮ್ಮೆ ರೈಲು ನೋಡಬೇಕಂತ ಆಸಿ ಇತ್ತು. ಭಾಳ ಪುಣ್ಯಾ ಬಂತು ನಿಮಗ” ಎಂದು ಮರಳುವ ದಾರಿಯುದ್ದಕ್ಕೂ ದೊಡ್ಡವ್ವನಿಗೆ ಹೇಳಿದಳಂತೆ.

ಇದನ್ನೆಲ್ಲ ನಗುತ್ತ ಹೇಳಬಹುದು. ಆದರೆ ಅದೇ ಶಬ್ದ ನನ್ನ ಮದುವೆಯ ಮಾತುಕತೆಗೆ ಅಡ್ಡ ಬಂದಾಗ ನನಗೆ ನಗು ಬರಲಿಲ್ಲ.

ನನಗಾಗ ಹದಿನೇಳು. ದೇವದುರ್ಗದಿಂದ ಒಂದು ಸಂಬಂಧ ಬಂದಿತ್ತು. ಹುಡುಗ ಅಂಚೆಯ ಕೆಲಸ ಕಲಿಯುತ್ತಿದ್ದ. ಅವನ ಅಪ್ಪ ಅಲ್ಲಿಯ ಅದಾಲತ್ತಿನಲ್ಲಿ ಚಪರಾಸಿ. ನಮ್ಮ ಜನರಲ್ಲಿ ಅಂಥ ನೌಕರಿ ಹಿಡಿದವರು ಆಗ ಬೆರಳೆಣಿಕೆಯಷ್ಟೂ ಇರಲಿಲ್ಲ. ಹುಡುಗನನ್ನು ನಾನು ಒಮ್ಮೆ ರಾಯಚೂರಿನಲ್ಲಿ ಕಂಡಿದ್ದೆ. ಅವನು ನನ್ನ ಕೈಲಿದ್ದ ಪುಸ್ತಕ ನೋಡಿ “ಮದಿವಿ ಆದ ಮ್ಯಾಲೂ ಓದ್ತಿ ಏನು?” ಎಂದು ಕೇಳಿದ್ದ. ಅದೊಂದು ಮಾತಿಗಾಗಿ ಈ ಸಂಬಂಧ ಕೂಡಿಬರಲಿ ಎಂದು ನಾನು ಒಳಗೊಳಗೇ ಬೇಡಿಕೊಳ್ಳುತ್ತಿದ್ದೆ.

ಹುಡುಗನ ಅಪ್ಪ ಮತ್ತು ಇಬ್ಬರು ಹಿರಿಯರು ಕಲ್ಲೂರಿಗೆ ಬಂದರು. ದೊಡ್ಡವ್ವನೂ ರಜೆ ಪಡೆದು ಬಂದಿದ್ದಳು. ಹೊರಗೆ ಬೇವಿನ ನೆರಳಿನಲ್ಲಿ ಕಂಬಳಿ ಹಾಸಿದ್ದರು. ನಾನು ಬಾಗಿಲ ಹಿಂದೆ ನಿಂತು ಕೇಳುತ್ತಿದ್ದೆ. ಎಲ್ಲ ಸುಸೂತ್ರವಾಗಿ ಸಾಗಿತ್ತು. ಆಗ ಹುಡುಗನ ಅಪ್ಪ ಸಹಜವಾಗಿ ಕೇಳಿದರು: “ನೀವು ರಾಯಚೂರಾಗ ಏನ್ ಮಾಡ್ತೀರಿ?”

“ಏನ್ ಮಾಡೂದ್ರಿ, ದಿನಾ ಕೇಸಿನಾಗೇ ಇರ್ತೀನಿ” ಎಂದಳು ದೊಡ್ಡವ್ವ.

ಅವರ ಮೈ ನೆಟ್ಟಗಾಯಿತು. “ಎಷ್ಟು ಕೇಸದಾವ?”

“ಸದ್ಯ ಮೂರದಾವ. ಎರಡು ಇದ ವಾರ ಮುಗೀತಾವ. ಒಂದು ಮಾತ್ರ ಹೊಯ್ದಾಡಾಕತ್ತದ, ಕೊಯ್ಯಬೇಕಾಗ್ತದೋ ಏನೋ.”

ಅದಾಲತ್ತಿನ ಭಾಷೆ ಉರ್ದು. ಅಲ್ಲಿ ವ್ಯಾಜ್ಯಕ್ಕೆ ‘ಮುಕದ್ದಮಾ’ ಎನ್ನುತ್ತಿದ್ದರು. ಆದರೆ ಇಂಗ್ಲಿಷ್ ಕಲಿತ ವಕೀಲರು ‘ಕೇಸ್’ ಎನ್ನುವುದನ್ನು ಹುಡುಗನ ಅಪ್ಪ ಇಪ್ಪತ್ತು ವರ್ಷ ಕೇಳಿದ್ದರು. ಕೊಯ್ಯುವ ಮಾತಿರುವ ಕೇಸು ಎಂಥದಿರಬಹುದೆಂದು ಅವರು ಲೆಕ್ಕ ಹಾಕುತ್ತಿದ್ದುದು ಮುಖದಲ್ಲೇ ಕಾಣುತ್ತಿತ್ತು.

“ಮೊದಲಿಂದ ಎಷ್ಟು ಆಗ್ಯಾವ?” ಎಂದು ಸಣ್ಣ ದನಿಯಲ್ಲಿ ಕೇಳಿದರು.

“ಎಣಿಸಿದವರು ಯಾರ್ರಿ? ನಿಮ್ಮ ದೇವದುರ್ಗದಾಗೂ ಮನಿಗೊಂದರಂಗ ಸಿಗ್ತಾವ ನನ್ನ ಕೇಸು.”

ಹುಡುಗನ ಅಪ್ಪ ರುಮಾಲು ಕೊಡವಿ ಎದ್ದು ನಿಂತರು. ನನ್ನ ಅಪ್ಪ ಗಾಬರಿಯಾಗಿ ಅವರ ಕೈ ಹಿಡಿದುಕೊಂಡರು. ದೊಡ್ಡವ್ವ ಏನಾಯಿತೆಂದೇ ತಿಳಿಯದೆ ಎಲ್ಲರ ಮುಖ ನೋಡುತ್ತಿದ್ದಳು. ನಾನು ಹೊರಗೆ ಬಂದು ಬಿಡಿಸಿ ಹೇಳಬೇಕೆಂದುಕೊಂಡೆ. ಆದರೆ ನೋಡಲು ಬಂದವರ ಮುಂದೆ ಹುಡುಗಿಯೇ ಬಾಯಿ ತೆರೆಯುವುದೆಂದರೇನು?

ಅಷ್ಟರಲ್ಲಿ ಊರ ಕಡೆಯಿಂದ ಒಬ್ಬ ಆಳು ಓಡಿ ಬಂದು ಕೇರಿಯ ಅಂಚಿನಲ್ಲೇ ನಿಂತ. ಊರೊಳಗಿನ ಸಾವ್ಕಾರರ ಸೊಸೆ ನಸುಕಿನಿಂದ ಬೇನೆ ತಿನ್ನುತ್ತಿದ್ದಾಳೆ, ಕೂಸಿನ ಕಾಲು ಮುಂದೆ ಬಂದಿದೆ, ಊರಿನ ಸೂಲಗಿತ್ತಿ ಕೈ ಚೆಲ್ಲಿದ್ದಾಳೆ. ರಾಯಚೂರಿನ ಆಯಾ ಬಂದಿದ್ದಾಳೆಂದು ಯಾರೋ ಹೇಳಿದರಂತೆ.

ದೊಡ್ಡವ್ವ ಬೀಗರನ್ನೂ ಮರೆತಳು, ಮಾತುಕತೆಯನ್ನೂ ಮರೆತಳು. ಸೀದಾ ಒಳಗೆ ಬಂದು ನನ್ನ ರಟ್ಟೆ ಹಿಡಿದಳು. “ಬಾರ ಬೇ, ಕೈಗೆ ಒಬ್ರು ಬೇಕು. ಕೇಸ್ ಅದ.” ಹೊಸ ಸೀರೆಯಲ್ಲಿ, ಮುಡಿದ ಹೂವಿನಲ್ಲಿ, ನೋಡಲು ಬಂದವರ ಎದುರಿಗೇ ನಾನು ಓಡಿದೆ. ಹಿಂದೆ ತಿರುಗಿ ನೋಡಿದರೆ ಹುಡುಗನ ಅಪ್ಪನೂ ಬರುತ್ತಿದ್ದರು. ಕೇಸು ಎಂಥದೆಂದು ಕಣ್ಣಾರೆ ಕಾಣುವ ಹಟ ಅವರಿಗೆ.

ಸಾವ್ಕಾರರ ಮನೆಯ ಮುಂಬಾಗಿಲಲ್ಲಿ ಮುದುಕಿ ಅತ್ತೆ ನಿಂತಿದ್ದಳು. ಅಳುತ್ತಲೇ ಅಡ್ಡ ಬಂದಳು.

“ಹಿತ್ತಲಾಗಿಂದ ದನದ ಕೊಟ್ಟಿಗಿಗೆ ಬಾ ಯವ್ವಾ. ಆಕಿನ್ನ ಅಲ್ಲಿಗೇ ಎತ್ಕೊಂಡು ಬರ್ತೀವಿ.”

“ಆಕಿ ಅಲ್ಲಿಗೆ ಬರೂದ್ರಾಗ ಎರಡು ಜೀವ ಹೋಗ್ತಾವರೀ. ಕೇಸ್ ಎಲ್ಲದ, ಅಷ್ಟು ಹೇಳ್ರಿ.”

ಒಳಗಿನಿಂದ ಒಂದು ನರಳಾಟ ಕೇಳಿಸಿತು. ದೊಡ್ಡವ್ವ ಆ ದನಿಯ ಜಾಡು ಹಿಡಿದು ಮುಂಬಾಗಿಲಿನಿಂದಲೇ ಒಳಗೆ ನಡೆದಳು. ನಮ್ಮ ಕೇರಿಯವರು ಯಾರೂ ದಾಟದ ಹೊಸ್ತಿಲು ಅದು. ನಾನೂ ಕಣ್ಣು ಮುಚ್ಚಿ ದಾಟಿದೆ. ಯಾರೂ ತಡೆಯಲಿಲ್ಲ.

ಮುಂದಿನ ಒಂದು ತಾಸು ನಾನು ಬಿಸಿನೀರು ಕೊಟ್ಟೆ, ಆ ಹೆಂಗಸಿನ ಕೈ ಹಿಡಿದೆ, ಬೆವರು ಒರೆಸಿದೆ. ನನ್ನಷ್ಟೇ ವಯಸ್ಸಿನವಳು. ದೊಡ್ಡವ್ವನ ದನಿ ಒಮ್ಮೆಯೂ ಏರಲಿಲ್ಲ. “ಹಾಂ, ಹಂಗ. ನನ್ನ ಮಗಳು ನೀನು. ಇನ್ನೊಂದೀಟು” ಎನ್ನುತ್ತಿದ್ದಳು. ಕೂಸು ನೀಲಿಗಟ್ಟಿ ಬಂತು. ಕೊರಳಿಗೆ ಸುತ್ತಿದ್ದ ಹೊಕ್ಕುಳಬಳ್ಳಿಯನ್ನು ಬಿಡಿಸಿ, ಬೆನ್ನು ತಟ್ಟಿ, ಬಾಯಿಯಲ್ಲಿ ಉಸಿರು ಊದಿದಳು. ಬಹಳ ಹೊತ್ತಾದ ಮೇಲೆ ಅದು ಬೆಕ್ಕಿನ ಮರಿಯ ಹಾಗೆ ಅತ್ತಿತು.

ನಾವು ಹೊರಗೆ ಬರುವಾಗ ಹಿಂದಿನಿಂದ ನೀರಿನ ಸದ್ದು. ನಾವು ನಡೆದ ನೆಲವನ್ನು ತೊಳೆಯುತ್ತಿದ್ದರು. ಸಗಣಿ ಕದಡಿದ ನೀರು ಹರಿದು ಬಂದು ಮೆಟ್ಟಿಲಿನ ಮೇಲೆ ನಮ್ಮ ಪಾದಗಳನ್ನು ನೆನೆಸಿತು. ದೊಡ್ಡವ್ವ ಸೀರೆಯ ನಿರಿಗೆಯನ್ನು ಸ್ವಲ್ಪ ಎತ್ತಿ ಹಿಡಿದು ಇಳಿದಳು.

ಬೀದಿಯಲ್ಲಿ ಹುಡುಗನ ಅಪ್ಪ ರುಮಾಲು ಕೈಯಲ್ಲಿ ಹಿಡಿದು ನಿಂತಿದ್ದರು.

“ಮುಗೀತೇನ್ರಿ ಕೇಸು?”

“ಮುಗೀತ್ರಿ. ತಾಯಿ ಮಗ ಇಬ್ಬರೂ ಉಳದ್ರು.”

ಅವರು ನಮ್ಮ ಜೊತೆ ನಡೆಯುತ್ತ ಹೇಳಿದರು: “ನಮ್ಮ ಅದಾಲತ್ತಿನಾಗ ಒಂದು ಕೇಸ್ ಹಿಡಿದ್ರ ಅಪ್ಪನ ಕಾಲದ್ದು ಮಗನ ಕಾಲಕ್ಕೂ ಮುಗ್ಯೂದಿಲ್ಲ. ಮುಗದ್ರೂ ಎರಡು ಮನಿಯವರೂ ಅಳ್ತಾರ. ನೀವು ಒಂದು ತಾಸಿನಾಗ ಮುಗಿಸಿ ನಗಿಸಿದ್ರಿ. ಹುಡುಗಿನ್ನ ನಮ್ಮ ಮನಿಗೆ ಕೊಡ್ರಿ.”

ಅಂದು ಸಂಜೆ ಬಾವಿಯ ಹತ್ತಿರ ದೊಡ್ಡವ್ವನ ಕೈಗೆ ನೀರು ಹಾಕುತ್ತ ನಾನು ಕೇಳಿದೆ: “ಆ ಹುಡುಗಿ ಹೆಸರರ ಕೇಳಬೇಕಿಲ್ಲೇನು? ಎಲ್ಲಾರಿಗೂ ಕೇಸ್ ಅಂತೀಯಲ್ಲ.”

ಅವಳು ಬಹಳ ಹೊತ್ತು ಕೈ ತಿಕ್ಕುತ್ತಿದ್ದಳು. “ಹೆಸರು ಕೇಳಿದ್ರ, ಯಾರ ಪೈಕಿ ಅಂತ ಕೇಳ್ತಾರ. ಯಾರ ಪೈಕಿ ಅಂತ ತಿಳದ್ರ ಕೈ ಹಿಂದಕ್ಕ ತಗೀತಾರ” ಎಂದಳು. ಆಮೇಲೆ ಹೇಳಿದಳು. ಅವಳಿಗೂ ಒಮ್ಮೆ ಹೀಗೇ ಬೇನೆ ಬಂದಿತ್ತು. ಕೈಗುಣವಿದ್ದವರು ಕೇರಿಗೆ ಬರಲಿಲ್ಲ. ಬಂಡಿಯಲ್ಲಿ ರಾಯಚೂರಿಗೆ ಒಯ್ದರು. ದವಾಖಾನೆಯ ಬಾಗಿಲಲ್ಲೂ ಹಳೆಯ ಅಂಜಿಕೆಯಿಂದ ಬಂಡಿಯನ್ನು ದೂರವೇ ನಿಲ್ಲಿಸಿದ್ದರು. “ಡಾಕ್ಟರಮ್ಮ ತಾನಾ ಇಳಿದು ಬಂದ್ಲು. ಕೇಸ್ ಒಳಗ ತರ್ರಿ ಅಂದ್ಲು, ಅಷ್ಟ. ನನ್ನ ಹಣಿ ಮ್ಯಾಲೆ ಕೈ ಇಟ್ಲು. ನಮ್ಮ ಮಂದಿ ಬಿಟ್ಟು ಬ್ಯಾರೆಯವರ ಕೈ ಅವತ್ತ ಮೊದಲ ಸಲ ನನ್ನ ಮೈ ಮ್ಯಾಲೆ ಬಿದ್ದದ್ದು.” ಕೂಸು ಉಳಿಯಲಿಲ್ಲ. ಹೆಣ್ಣು ಕೂಸಂತೆ. ಅದೇ ವರ್ಷ ಗಂಡನೂ ಹೋದ. ಅವಳು ರಾಯಚೂರಿನ ಆ ಬಾಗಿಲಿಗೇ ಕಸಬರಿಗೆ ಹಿಡಿದು ಹೋದಳು.

ಮೂರು ವರ್ಷಗಳ ನಂತರ ನನ್ನ ಚೊಚ್ಚಲ ಹೆರಿಗೆ ಅವಳಿದ್ದ ದವಾಖಾನೆಯಲ್ಲೇ ಆಯಿತು. ಊರಿಗೆಲ್ಲ ಹೆರಿಗೆ ಮಾಡಿಸಿದವಳು ಅಂದು ಒಳಗೆ ಬರಲೇ ಇಲ್ಲ. ತನ್ನ ಕೈಲಾಗದೆಂದು ಹೇಳಿ ಹೊರಗಿನ ಕಟ್ಟೆಯ ಮೇಲೆ ಕುಳಿತಿದ್ದಳಂತೆ. ಎಲ್ಲ ಮುಗಿದ ಮೇಲೆ ಬಂದು, ನನ್ನ ಪಕ್ಕದಲ್ಲಿದ್ದ ಮಗಳನ್ನು ಎತ್ತಿಕೊಳ್ಳದೆ ನೋಡುತ್ತ ನಿಂತಳು.

“ಇಕಿಗೆ ಹೆಸರು ಇಟ್ಟೀರೇನು?” ಎಂದಳು.

“ಇನ್ನೂ ಇಲ್ಲ, ದೊಡ್ಡವ್ವ.”

ಅವಳು ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ ಬಿಚ್ಚಿದಳು. “ನನ್ನ ಹತ್ರ ಒಂದದ” ಎಂದಳು. “ಯಾರಿಗೂ ಇಟ್ಟಿಲ್ಲ. ಹಂಗ ಉಳದದ.”

ನಾನು ಕೂಸನ್ನು ಅವಳ ಕೈಗೆ ಕೊಟ್ಟೆ. ಅವಳು ಅದರ ಕಿವಿಯ ಹತ್ತಿರ ಬಾಗಿ, ನನಗೂ ಕೇಳಿಸದಷ್ಟು ಮೆಲ್ಲಗೆ ಆ ಹೆಸರನ್ನು ಹೇಳಿದಳು. ಆಮೇಲೆ ಕತ್ತೆತ್ತಿ, ನನ್ನನ್ನು ನೋಡಿ, ಇನ್ನೊಮ್ಮೆ ಗಟ್ಟಿಯಾಗಿ ಹೇಳಿದಳು: “ನೀಲಮ್ಮ.”