ಗೂಳಪ್ಪನ ಪರವಾಗಿ ನಾಲ್ಕು ಮಾತು

ಬೋರವ್ವನ ಹೆಬ್ಬೆರಳು ಸವೆದುಹೋಗಿತ್ತು. ಬುದ್ಧಿ ಬಂದಾಗಿನಿಂದ ನೂಲಿಗೆ ಗಂಟು ಹಾಕಿ ಹಾಕಿ ಅದು ಹೊಳೆಯ ಕಲ್ಲಿನಂತೆ ನುಣ್ಣಗಾಗಿತ್ತು. ಅದರ ಮೇಲಿನ ಗೆರೆಗಳೆಲ್ಲ ರಬಕವಿಯ ಸೀರೆಗಳಿಗಂಟಿಕೊಂಡು ಊರೂರು ತಿರುಗಲು ಹೋಗಿದ್ದವು. ಗೂಳಪ್ಪನ ನ್ಯಾಯಬೆಲೆ ಅಂಗಡಿಯ ಯಂತ್ರದ ಮೇಲೆ ಆಕೆ ಹೆಬ್ಬೆಟ್ಟು ಒತ್ತಿದಾಗಲೆಲ್ಲ ಅದು ಕುಂಯ್ ಎಂದು ಅತ್ತು, ಇಂಥ ಹೆಣ್ಣುಮಗಳೇ ಲೋಕದಲ್ಲಿಲ್ಲ ಎಂದು ಸಾರುತ್ತಿತ್ತು.

“ನಾ ಇಲ್ಲ ಅಂದ್ರ ನಿನ್ನ ಮುಂದ ನಿಂತಾಕಿ ಯಾರಲೇ?” ಎಂದು ಬೋರವ್ವ ಯಂತ್ರವನ್ನೇ ತರಾಟೆಗೆ ತೆಗೆದುಕೊಳ್ಳುತ್ತಿದ್ದಳು.

ಗೂಳಪ್ಪ ಯಂತ್ರಕ್ಕೂ ಹೆದರುತ್ತಿದ್ದ, ಬೋರವ್ವನಿಗೂ ಹೆದರುತ್ತಿದ್ದ. ಇಬ್ಬರಲ್ಲಿ ಯಂತ್ರ ಬೈಯುವುದಿಲ್ಲವಲ್ಲ ಎಂದು ಮುದುಕಿಗೆ ಅಕ್ಕಿ ಅಳೆದುಬಿಡುತ್ತಿದ್ದ. ಆ ಅಕ್ಕಿ ಎಲ್ಲಿಂದ ಬರುತ್ತದೆ ಎಂಬುದು ಓಣಿಗೆಲ್ಲ ಗೊತ್ತಿತ್ತು, ಸರಕಾರವೊಂದಕ್ಕೆ ಗೊತ್ತಿರಲಿಲ್ಲ.

ಹಾಗಿರುವಾಗ ಒಂದು ದಿನ ಅಂಗಡಿಯ ಶಟರಿನ ಮೇಲೆ ಆದೇಶ ಅಂಟಿತು. ಲೈಸೆನ್ಸು ರದ್ದು. ಏಕೆ ರದ್ದು ಎಂಬುದಕ್ಕೆ ಒಂದಕ್ಷರವೂ ಇಲ್ಲ. ಗೂಳಪ್ಪನಿಗೆ ತಕ್ಕಡಿ ಹಿಡಿಯುವುದು ಬಿಟ್ಟು ಬೇರೆ ಕಸುಬು ಗೊತ್ತಿರಲಿಲ್ಲ. ಆದೇಶವನ್ನು ಎದೆಗವಚಿಕೊಂಡು ಸೋಮಲಿಂಗ ವಕೀಲರ ಹತ್ತಿರ ಓಡಿದ.

ವಕೀಲರು ಓದಿ ನಕ್ಕರು. “ಕಾರಣ ಬರದಿಲ್ಲ, ನಿಮ್ಮನ್ನ ಕರದ ಕೇಳಿಲ್ಲ. ಇದು ನಿಲ್ಲೂದಿಲ್ಲ ಗೂಳಪ್ಪ. ಅಪೀಲು ಹಾಕೋಣು. ಆದರ ಅಲ್ಲಿ ‘ನನ್ನ ಕೇಳದನ ರದ್ದ ಮಾಡ್ಯಾರ್ರಿ’ ಅಂತ ಇಷ್ಟ ಅನ್ರಿ. ಮ್ಯಾಲ ಒಂದ ಮಾತ ಹೆಚ್ಚಾತಂದ್ರ ನಾ ಜವಾಬ್ದಾರ ಅಲ್ಲ.”

ವಿಚಾರಣೆಯ ದಿನ ಬಂತು. ಬೆಳಿಗ್ಗೆ ಬಚ್ಚಲಲ್ಲಿ ನಿಂತು ಗೂಳಪ್ಪ ಆ ಒಂದು ಮಾತನ್ನು ಮಗ್ಗಿಯಂತೆ ಬಾಯಿಪಾಠ ಮಾಡುತ್ತಿದ್ದ. ಗೋಡೆಯಾಚೆ ಪಾತ್ರೆ ತಿಕ್ಕುತ್ತಿದ್ದ ಪಕ್ಕದ ಮನೆಯ ಕರೆವ್ವ ಕಿವಿ ನಿಮಿರಿಸಿದಳು.

“ಇವತ್ತನೋ ವಿಚಾರಣಿ? ಅಯ್ಯ ಶಿವನ, ಒಬ್ಬಾವನ ಹೊಂಟೀಯೇನು?”

ಚಹಾ ಕುದಿಯುವುದರೊಳಗೆ ಸುದ್ದಿ ಓಣಿ ದಾಟಿತು. ನಾಲ್ಕು ಪವರ್‌ಲೂಮುಗಳ ಮಾಲೀಕ ಮುತ್ತಣ್ಣ ಲುಂಗಿ ಕಟ್ಟಿಕೊಳ್ಳುತ್ತಲೇ ಬಂದ. “ನೀ ಒಬ್ಬನ ಹೋಗೂದಾ? ನಾವೇನ ಸತ್ತೇವೇನು? ಸಾಕ್ಷಿ ಹೇಳಾಕ ನಾವೂ ಬರತೀವಿ. ನೀ ಎಂಥಾ ಮನಶ್ಯಾ ಅಂತ ಸಾಹೇಬ್ರಿಗೆ ಗೊತ್ತಾಗ್ಲಿ.”

ಗೂಳಪ್ಪನಿಗೆ ನಿಜವಾದ ಭಯ ಹುಟ್ಟಿದ್ದು ಆಗ. ಅಧಿಕಾರಿಗಳಿಗೆ ತನ್ನ ಬಗ್ಗೆ ಏನೂ ಗೊತ್ತಿರಲಿಲ್ಲ. ಇವರಿಗೆ ಎಲ್ಲ ಗೊತ್ತಿತ್ತು.

“ವಿಚಾರಣಿ ಮುಂದ ಹಾಕ್ಯಾರಂತ,” ಎಂದು ತೊದಲಿ, ಹಿತ್ತಿಲ ಬಾಗಿಲಿನಿಂದ ಜಾರಿ, ಮುಖಕ್ಕೆ ಟವೆಲ್ಲು ಸುತ್ತಿಕೊಂಡು ಜಮಖಂಡಿ ಬಸ್ಸು ಹತ್ತಿದ. ಕಂಡಕ್ಟರ್ ಅವನನ್ನೂ ಟವೆಲ್ಲನ್ನೂ ನೋಡಿ, “ಹಲ್ಲ ಕೀಳಸಾಕ ಹೊಂಟಿಯೇನಪಾ?” ಎಂದ. ಹೌದೆಂದು ತಲೆಯಾಡಿಸಿದ. ಆ ಕ್ಷಣದಲ್ಲಿ ಮೂವತ್ತೆರಡನ್ನೂ ಕೀಳಿಸಿಕೊಳ್ಳಲು ಅವನು ತಯಾರಿದ್ದ.

ಕಚೇರಿಯ ಎದುರಿನ ಚಹಾದಂಗಡಿಯ ಮುಂದೆ ಟಂಟಂ ಆಟೋ ಒಂದು ನಿಂತಿತ್ತು. ಅದರೊಳಗಿಂದ ಅವನ ಓಣಿ ಒಬ್ಬೊಬ್ಬರಾಗಿ ಇಳಿಯುತ್ತಿತ್ತು.

“ನಾ ಹೇಳಲಿಲ್ಲೇನು?” ಎಂದಳು ಕರೆವ್ವ, ಸೆರಗಿನಿಂದ ಕಣ್ಣೊರೆಸಿಕೊಂಡು. “ನಮಗ ತ್ರಾಸ ಆಗಬಾರದಂತ ಸುಳ್ಳ ಹೇಳ್ಯಾನ. ಇದನ್ನೂ ಸಾಹೇಬ್ರ ಮುಂದ ಹೇಳಬೇಕು.”

“ನಿಮ್ಮ ಕಾಲ ಬೀಳತೀನಿ, ಯಾರೂ ಏನೂ ಹೇಳಬ್ಯಾಡ್ರಿ,” ಎಂದ ಗೂಳಪ್ಪ.

“ನೋಡ್ರೆವ್ವಾ, ಎಷ್ಟ ಸಂಕೋಚದ ಮನಶ್ಯಾ ಅದಾನ,” ಎಂದಳು ಬೋರವ್ವ. “ಹೊಗಳಿಕಿ ಅಂದ್ರ ಆಗೂದ ಇಲ್ಲ ಇವಗ.”

ಒಳಗೆ ಪ್ರತಿಮಾ ಮೇಡಂ ಕುಳಿತಿದ್ದರು. ಅಪೀಲು ಕೇಳಲು ಮೈಸೂರು ಕಡೆಯಿಂದ ವರ್ಗವಾಗಿ ಬಂದ ಅಧಿಕಾರಿ. ಗೂಳಪ್ಪನ ಎದೆ ಮುತ್ತಣ್ಣನ ನಾಲ್ಕೂ ಪವರ್‌ಲೂಮುಗಳನ್ನು ಒಟ್ಟಿಗೆ ಚಾಲೂ ಮಾಡಿದಂತೆ ಹೊಡೆದುಕೊಳ್ಳುತ್ತಿತ್ತು. ಮೇಡಂ ಮಾತು ಮೆತ್ತಗಿತ್ತು. ಅದರಿಂದ ಅವನಿಗೆ ಇನ್ನಷ್ಟು ಹೆದರಿಕೆಯಾಯಿತು.

“ಕೂತ್ಕೊಳ್ಳಿ ಗೂಳಪ್ಪನವರೇ. ನಿಮ್ಮ ಫೈಲ್ ನೋಡಿದೆ. ಕಾರಣ ಕೊಟ್ಟಿಲ್ಲ, ನಿಮ್ಮನ್ನ ಕೇಳಿಲ್ಲ. ಆದೇಶ ತಪ್ಪು, ಅದನ್ನ ರದ್ದು ಮಾಡ್ತಿದೀನಿ. ಸಹಿ ಹಾಕೋ ಮುಂಚೆ ಒಂದು ಮಾತು. ನಿಮ್ಮ ಕಡೆಯಿಂದ ಇನ್ನೇನಾದ್ರೂ ಹೇಳೋದಿದೆಯಾ?”

ಪೆನ್ನು ಕಾಗದದಿಂದ ಒಂದು ಬೆರಳಿನಷ್ಟು ಮೇಲೆ ನಿಂತಿತ್ತು. ಏನೂ ಇಲ್ರಿ ಎನ್ನಲು ಗೂಳಪ್ಪ ಬಾಯಿ ತೆರೆದ.

“ಅವಗೇನ ಮಾತಾಡಾಕ ಬರತೈತ್ರಿ,” ಬಾಗಿಲಿನಿಂದ ಬೋರವ್ವನ ದನಿ ಬಂತು. “ನಾವು ಹೇಳತೀವಿ.”

ಗೂಳಪ್ಪನ ಪಕ್ಕದಲ್ಲಿ ಕುಳಿತಿದ್ದ ಸೋಮಲಿಂಗ ವಕೀಲರು ಜಿಗಿದೆದ್ದರು. “ಅದರ ಜರೂರಿ ಇಲ್ರಿ ಮೇಡಂ.”

“ಯಾಕಿಲ್ಲ? ಕೇಳದೆ ತೀರ್ಮಾನ ಮಾಡಿದ್ದೇ ತಪ್ಪು ಅಂತ ಎರಡು ಪುಟ ಬರೆದುಕೊಟ್ಟವರು ತಾವೇ ಅಲ್ವಾ? ಬನ್ನಿ ಅಜ್ಜಿ.”

ಬೋರವ್ವ ಮೇಜಿನ ಮುಂದೆ ಬಂದು ಹೆಬ್ಬೆರಳು ಎತ್ತಿ ತೋರಿಸಿದಳು. “ಇದು ಮಿಷನ್‌ನಾಗ ಬೀಳೂದಿಲ್ಲವ್ವಾ. ಬ್ಯಾರೆದವರಾಗಿದ್ರ ಹೊಳ್ಳಿ ಕಳಸತಿದ್ರು. ಇಂವ ಹೆಬ್ಬೆಟ್ಟ ಇಲ್ದನ ಕೊಡತಾನ.”

“ಲೆಕ್ಕಕ್ಕಿಲ್ಲದ ಅಕ್ಕಿ ಎಲ್ಲಿಂದ ತರ್ತಾರೆ?”

“ಎಲ್ಲಾರಿಗೂ ಒಂದೊಂದ ಬೊಗಸಿ ಕಡಿಮಿ ಅಳೀತಾನ. ಅದರಾಗ ನನ್ನಂಥಾವ್ರ ಹೊಟ್ಟಿ ತುಂಬತೈತಿ. ಕದ್ದ ಮಾಡೂದಲ್ಲ, ಎಲ್ಲಾರಿಗೂ ಹೇಳೇ ಮಾಡತಾನ.”

ಪೆನ್ನು ಕೆಳಗಿಳಿಯಿತು. ಸಹಿಯ ಜಾಗಕ್ಕಲ್ಲ, ಬೇರೊಂದು ಹಾಳೆಗೆ.

ಮುತ್ತಣ್ಣ ಮುಂದೆ ಬಂದು ಕೈಮುಗಿದ. “ನಮ್ಮಪ್ಪ ತೀರಿಕೊಂಡ ವರ್ಷಾತ್ರಿ. ಕಾರ್ಡಿನಾಗಿನ ಹೆಸರ ತಗಿಸೋಣೇನು ಅಂತ ಇವನ್ನ ಕೇಳಿದೆ. ‘ಹಿರ್ಯಾರ ಹೆಸರ ಅಷ್ಟ ಲಗೂನ ಅಳಸಬಾರದೋ’ ಅಂದ. ಇವತ್ತಿಗೂ ನಮ್ಮಪ್ಪನ ಪಾಲು ತಪ್ಪಿಸಿಲ್ರಿ. ಹೆತ್ತ ಮಗ ನಾನ ಮರತೇನಿ, ಇಂವ ಮರತಿಲ್ಲ.”

ಗೂಳಪ್ಪ ಕಣ್ಣು ಮಿಟುಕಿಸಿದ, ಕೆಮ್ಮಿದ, ಮೇಜಿನ ಕೆಳಗಿಂದ ಕೈಯಾಡಿಸಿದ. ಕರೆವ್ವ ಅದನ್ನು ತನ್ನ ಸರದಿ ಎಂದುಕೊಂಡಳು.

“ನಮ್ಮ ಮನ್ಯಾಗ ಅಕ್ಕಿ ಯಾರಿಗೂ ಸೇರೂದಿಲ್ರಿ ಮೇಡಂ. ಹೆಬ್ಬೆಟ್ಟ ಒತ್ತಿ ಅಕ್ಕಿ ಅಲ್ಲೇ ಬಿಡತೀನಿ. ಅದಕ್ಕ ಬದಲಿ ಛಲೋ ಬಿಳಿ ಜ್ವಾಳ ಕೊಡತಾನ. ನಮ್ಮ ಓಣ್ಯಾಗ ಅರ್ಧ ಮಂದಿ ಹಿಂಗ ಒಯ್ಯೂದು. ಇಂಥಾ ಧರ್ಮರಾಯನ ಲೈಸೆನ್ಸ ಕಸಕೊಂಡ್ರ ನಿಮಗ ಒಳ್ಳೇದಾಗೂದಿಲ್ಲ.”

ಮೇಡಂ ಬಹಳ ಹೊತ್ತು ಬರೆದರು. ಆಮೇಲೆ ಗೂಳಪ್ಪನನ್ನು ನೋಡಿದರು. ಬೈಯುವ ನೋಟವಾಗಿದ್ದರೆ ಅವನಿಗೆ ಸಮಾಧಾನವಾಗುತ್ತಿತ್ತು. ಅದು ಮರುಕದ ನೋಟ.

“ಹಳೇ ಆದೇಶ ರದ್ದಾಗಿದೆ,” ಎಂದು ಮೊದಲ ಹಾಳೆಗೆ ಸಹಿ ಹಾಕಿ ಕೊಟ್ಟರು. ಗೂಳಪ್ಪ ಅದನ್ನು ಕಣ್ಣಿಗೊತ್ತಿಕೊಂಡ. ಒತ್ತಿಕೊಂಡ ಕಣ್ಣು ಬಿಡುವುದರೊಳಗೆ ಎರಡನೆಯ ಹಾಳೆ ಮುಂದೆ ಬಂತು. “ಇದು ಹೊಸ ನೋಟಿಸು. ಲೈಸೆನ್ಸು ಯಾಕೆ ರದ್ದು ಮಾಡಬಾರದು ಅಂತ ಹದಿನೈದು ದಿನದಲ್ಲಿ ಉತ್ತರ ಕೊಡಿ. ನಿಮ್ಮನ್ನ ಪೂರ್ತಿ ಕೇಳಿಯೇ ತೀರ್ಮಾನ ಮಾಡ್ತೀನಿ.”

ಹೊರಗೆ ಬಂದು ವಕೀಲರು ಅದನ್ನು ಎರಡು ಸಲ ಓದಿದರು. “ಕಾರಣ ಅದಾವು, ಟೈಮ್ ಕೊಟ್ಟಾರ, ಸಾಕ್ಷಿ ಹೆಸರೂ ಹಾಕ್ಯಾರ,” ಎಂದು ಮೆಚ್ಚುಗೆಯಿಂದ ನಿಟ್ಟುಸಿರು ಬಿಟ್ಟರು. “ಇದರಾಗ ತಪ್ಪ ಹುಡಕಾಕ ಜಾಗಾನ ಇಲ್ಲ ಗೂಳಪ್ಪ.”

ಗೂಳಪ್ಪ ಮೆಟ್ಟಿಲ ಮೇಲೆ ಕುಸಿದು ಕುಳಿತ. ಬೋರವ್ವ ಪಕ್ಕದಲ್ಲಿ ಕುಳಿತು ಅವನ ಬೆನ್ನು ಸವರಿದಳು.

“ಅಂಜಬ್ಯಾಡ ಮಗನ. ಇವತ್ತ ಟಂಟಂದಾಗ ಹಿಡದಷ್ಟ ಮಂದಿ ಬಂದಿದ್ವಿ, ಅದಕ್ಕ ಕೆಲಸ ಅರ್ಧಕ್ಕ ನಿಂತೈತಿ. ಮುಂದಿನ ಸಲ ಟ್ರ್ಯಾಕ್ಟರ್ ಮಾಡಕೊಂಡ ಇಡೀ ಓಣೀನ ಬರತೀವಿ.”