ಸ್ವಲ್ಪ ರಷ್ಯನ್ ಬರುತ್ತೆ

ಅಶ್ವತ್ಥನ ಪೇಚಾಟಕ್ಕೆಲ್ಲ ಮೂಲ ಅವನ ಬಯೋಡಾಟಾದಲ್ಲಿದ್ದ ಒಂದು ಖಾಲಿ ಜಾಗ. ಖಾಲಿ ಜಾಗ ಕಂಡರೆ ಕೆಲವರಿಗೆ ಬೇಲಿ ಹಾಕುವ ಆಸೆಯಾಗುತ್ತದೆ. ಎದುರು ಫ್ಲ್ಯಾಟಿನ ಶಿವಕುಮಾರನಿಗೆ ತುಂಬುವ ಆಸೆಯಾಯಿತು.

ಅದು ಏಳು ತಿಂಗಳ ಹಿಂದಿನ ಮಾತು. ಹಳೇ ಕಂಪನಿ ಕೈಬಿಟ್ಟ ಮೇಲೆ ಅಶ್ವತ್ಥ ಸ್ವೀಡನ್ನಿನ ಸುಂಡ್‌ಬೀಬರ್ಯ್‌ನ ಬಾಡಿಗೆ ಫ್ಲ್ಯಾಟಿನಲ್ಲಿ ಕೂತು ಹೊಸ ಕೆಲಸಕ್ಕೆ ಅರ್ಜಿ ಹಾಕುತ್ತಿದ್ದ. ಸಕ್ಕರೆ ಕೇಳಲು ಬಂದ ಶಿವಕುಮಾರ ಸಕ್ಕರೆ ಮರೆತು ಲ್ಯಾಪ್‌ಟಾಪನ್ನು ತನ್ನ ಕಡೆ ತಿರುಗಿಸಿಕೊಂಡ. ಗೊತ್ತಿರುವ ಭಾಷೆಗಳ ಸಾಲು ಕನ್ನಡ, ಹಿಂದಿ, ಇಂಗ್ಲಿಷಿಗೇ ನಿಂತುಹೋಗಿತ್ತು.

“ಬಯೋಡಾಟಾ ಅಂದ್ರೆ ಜಾತಕ ಇದ್ದ ಹಾಗೆ ಕಣೋ,” ಎಂದ. “ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು ಅಂದಿಲ್ವಾ ದೊಡ್ಡೋರು? ನೌಕರಿಗೆ ಒಂದೆರಡು ಸಾಕು.”

ಬೆಂಗಳೂರಿನಲ್ಲಿ ಓದುವಾಗ ಅಶ್ವತ್ಥ ಒಂದು ಬೇಸಿಗೆಯಲ್ಲಿ ಎರಡು ವಾರ ರಷ್ಯನ್ ತರಗತಿಗೆ ಹೋಗಿದ್ದುಂಟು. ಭಾಷೆಯ ಮೇಲಿನ ಪ್ರೀತಿಗಲ್ಲ, ಆ ಕೋಣೆಗೆ ಏಸಿ ಇತ್ತು. ಅದರಿಂದ ಉಳಿದದ್ದು ಅರ್ಧ ಅಕ್ಷರಮಾಲೆ, ಒಂದು ನಮಸ್ಕಾರ. ಶಿವಕುಮಾರನಿಗೆ ಅಷ್ಟು ಧಾರಾಳವಾಯಿತು. ‘ರಷ್ಯನ್’ ಎಂದು ಸೇರಿಸಿದ. ಅದೇ ಹುರುಪಿನಲ್ಲಿ ಕೆಳಗಿದ್ದ ಹವ್ಯಾಸಗಳ ಸಾಲನ್ನೂ ತುಂಬಿ, ಕಾಫಿ ಕುಡಿದು ಎದ್ದುಹೋದ.

ಕೆಲಸವೇನೋ ಸಿಕ್ಕಿತು. ಸೋಡರ್‌ಟೆಲ್ಯೆಯಲ್ಲಿ ಹಳೇ ಕಾರುಗಳ ಬಿಡಿಭಾಗ ಮಾರುವ ದೊಡ್ಡ ಗೋದಾಮು. ಆರು ತಿಂಗಳ ಪ್ರೊಬೇಷನ್. ಅದು ಮುಗಿದು ಕೆಲಸ ಕಾಯಂ ಆದರೆ ವರ್ಕ್ ಪರ್ಮಿಟ್ಟೂ ಮುಂದುವರಿಯುತ್ತದೆ, ಆಗದಿದ್ದರೆ ಗಂಟುಮೂಟೆ ಕಟ್ಟಬೇಕು. ಮಗಳು ಆರಾಧ್ಯಾ ಅಲ್ಲಿಯ ಶಿಶುವಿಹಾರವಾದ ದಾಗಿಸ್‌ಗೆ ಹೋಗಿಹೋಗಿ ಈಗ ಅಮ್ಮನ ಜೊತೆ ಸ್ವೀಡಿಷ್‌ನಲ್ಲೇ ಜಗಳವಾಡುವಷ್ಟು ಬೇರುಬಿಟ್ಟಿದ್ದಳು. ಅವಳನ್ನು ಕಿತ್ತು ಬೇರೆಡೆ ನೆಡುವುದು ಸುಲಭವಿರಲಿಲ್ಲ.

ಪ್ರೊಬೇಷನ್ನಿನ ಕೊನೆಯ ದಿನ ಜನವರಿಯ ಒಂದು ಶುಕ್ರವಾರ. ಬೆಳಿಗ್ಗೆ ಒಂಬತ್ತೂವರೆಯ ಫೀಕಾ ವಿರಾಮದಲ್ಲಿ, ಎಲ್ಲರೂ ಕಾಫಿಗೆ ಬನ್ನು ಕಚ್ಚುತ್ತಿರುವಾಗ, ಗೋದಾಮಿನ ಮುಖ್ಯಸ್ಥೆ ಗುನಿಲ್ಲಾ ಬಾಂಬು ಹಾಕಿದಳು. ಮಧ್ಯಾಹ್ನ ಎರಡಕ್ಕೆ ಕಜಕಸ್ತಾನದ ಅಲ್ಮಾಟಿಯಿಂದ ಎರ್ಲಾನ್ ಎಂಬ ಸಗಟು ವ್ಯಾಪಾರಿ ಬರುತ್ತಾನೆ. ಅವನಿಗೆ ಇಂಗ್ಲಿಷ್ ಹತ್ತು ಪದಕ್ಕಿಂತ ಹೆಚ್ಚು ಬರುವುದಿಲ್ಲ, ರಷ್ಯನ್ ಚೆನ್ನಾಗಿ ಬರುತ್ತದೆ. ಅವನು ತಾನೇ ನೋಡಿಕೊಂಡು ಓಡಾಡುವ ಹಾಗೆ ನಲವತ್ತು ಕಪಾಟಿಗೂ ಕಾರಿನ ಹೆಸರನ್ನು ರಷ್ಯನ್ನಿನಲ್ಲಿ ಅಂಟಿಸಬೇಕು, ಆಮೇಲೆ ಅವನ ಜೊತೆ ನಾಲ್ಕು ಮಾತಾಡಬೇಕು.

“ನಿನಗೆ ರಷ್ಯನ್ ಬರುತ್ತೆ ಅಂತ ಬರೆದಿದ್ದೆ, ಅಲ್ವಾ?” ಎಂದಳು.

ಅಶ್ವತ್ಥನಿಗೆ ಹೌದೆನ್ನಲು ಧೈರ್ಯವಿಲ್ಲ, ಇಲ್ಲವೆನ್ನಲು ಅದಕ್ಕಿಂತ ಕಡಿಮೆ. “ಸ್ವಲ್ಪ ಬರುತ್ತೆ,” ಎಂದ.

ಅವನು ಕೆಟ್ಟದ್ದು ಅಲ್ಲೇ. ಆ ದೇಶದಲ್ಲಿ ತನ್ನನ್ನು ತಾನು ಹೊಗಳಿಕೊಳ್ಳುವುದು ಬರಿಗಾಲಲ್ಲಿ ಊಟದ ಮೇಜು ಹತ್ತಿದಷ್ಟು ಅಸಹ್ಯ. ತೊಂಬತ್ತು ಕಿಲೋಮೀಟರ್ ಹಿಮದಲ್ಲಿ ಜಾರಿ ಬಂದವನೂ ‘ಸ್ವಲ್ಪ ಸ್ಕೀ ಮಾಡ್ತೀನಿ’ ಎನ್ನುತ್ತಾನೆ. ಸ್ವಲ್ಪ ಬರುತ್ತೆ ಎಂದರೆ ಅಲ್ಲಿ ಸುಲಲಿತವಾಗಿ ಬರುತ್ತೆ ಎಂದೇ ಅರ್ಥ. ಗುನಿಲ್ಲಾಳ ಮುಖ ಅರಳಿತು. ಅತಿಥಿ ಹೋದ ಮೇಲೆ ಮೂರಕ್ಕೆ ತನ್ನ ಕೋಣೆಗೆ ಬಾ, ಪ್ರೊಬೇಷನ್ ವಿಷಯ ಇತ್ಯರ್ಥ ಮಾಡೋಣ ಎಂದು ಹೇಳಿ ಹೋದಳು.

ಅಶ್ವತ್ಥ ಕಪಾಟುಗಳ ಸಂದಿಗೆ ಹೋಗಿ ಫೋನಿನಲ್ಲಿ ರಷ್ಯನ್ ಅಕ್ಷರಮಾಲೆ ತೆಗೆದ. ಎಲ್ಲ ಕಂಡ ಮುಖಗಳೇ, ಹೆಸರು ಮಾತ್ರ ಬೇರೆ. ಇಂಗ್ಲಿಷಿನ ಬಿ ಅಲ್ಲಿ ‘ವ’, ಎಚ್ ಅಲ್ಲಿ ‘ನ’, ಪಿ ಅಲ್ಲಿ ‘ರ’. ಮದುವೆಮನೆಯಲ್ಲಿ ಸಿಗುವ ದೂರದ ನೆಂಟರ ಹಾಗೆ, ಗುರುತು ಹಿಡಿದೆ ಎಂದುಕೊಂಡು ಮಾತಾಡಿಸಿದರೆ ಇನ್ಯಾರೋ ಆಗಿರುತ್ತಿದ್ದರು.

ಶಿವಕುಮಾರನಿಗೆ ಫೋನ್ ಮಾಡಿದ. ಮನೆಯಿಂದಲೇ ಆಫೀಸು ನಡೆಸುತ್ತಿದ್ದ ಆ ಮಹಾನುಭಾವ ಇಷ್ಟಕ್ಕೆಲ್ಲ ಯಾಕೆ ಗಾಬರಿ, ಫೋನಿಗೆ ಹೇಳಿದರೆ ಅದೇ ಅನುವಾದ ಮಾಡುತ್ತೆ ಎಂದ. ಅಶ್ವತ್ಥ ಫೋನಿಗೆ ಹೇಳಿದ. ಅನುಮಾನ ಬಂದು, ಅದು ಕೊಟ್ಟದ್ದನ್ನೇ ಮತ್ತೆ ಕನ್ನಡಕ್ಕೆ ತಿರುಗಿಸಿ ನೋಡಿದ. ಬೀಟಲ್ ಕಾರು ‘ಜೀರುಂಡೆ’ ಆಗಿತ್ತು. ಡಿಫೆಂಡರ್ ‘ರಕ್ಷಕ’ನಾಗಿ ಎದೆ ಸೆಟೆಸಿ ನಿಂತಿತ್ತು. ಅಲ್ಮಾಟಿಯಿಂದ ವಿಮಾನ ಹತ್ತಿ ಬಂದವನಿಗೆ ಜೀರುಂಡೆಯ ಗೇರ್ ಬಾಕ್ಸ್ ತೋರಿಸುವುದು ಹೇಗೆ? ಎರಡನ್ನೂ ಹೊಡೆದುಹಾಕಿದ.

ಅಷ್ಟರಲ್ಲಿ ಶಿವಕುಮಾರ ತನ್ನ ಕೆಲಸ ಮಾಡಿ ಮುಗಿಸಿದ್ದ. ಅಂದರೆ ಕನ್ನಡದವರ ವಾಟ್ಸಾಪ್ ಗುಂಪಿನಲ್ಲಿ ‘ಅಶ್ವತ್ಥನ ನೌಕರಿ ಅಪಾಯದಲ್ಲಿ, ರಷ್ಯನ್ ಬಲ್ಲವರು ಕೂಡಲೇ ಸಂಪರ್ಕಿಸಿ’ ಎಂದು ಹಾಕಿದ್ದ. ಮೊದಲ ಕರೆ ಹೆಂಡತಿ ನೀರಜಾಳದು. ಗಂಡನ ನೌಕರಿಯ ಸುದ್ದಿ ಗುಂಪಿನಿಂದ ತಿಳಿಯಬೇಕಾ ಎಂದು ಐದು ನಿಮಿಷ ತರಾಟೆಗೆ ತೆಗೆದುಕೊಂಡಳು. ಎರಡನೆಯದು ಜೋಸೆಫ್ ಅಂಕಲ್ದು.

ಜೋಸೆಫ್ ಮಂಗಳೂರಿನ ಕಡೆಯವರು. ಈಗ ಅಶ್ವತ್ಥನ ಗೋದಾಮಿದ್ದ ಊರಿನದೇ ಲಾರಿ ಕಾರ್ಖಾನೆಯಲ್ಲಿದ್ದರು. ಅದಕ್ಕೂ ಮುಂಚೆ ಹತ್ತು ವರ್ಷ ಹಡಗಿನಲ್ಲಿ, ಕಾರಿನ ಹುಚ್ಚು ಹಿಡಿದ ರಷ್ಯನ್ ಚೀಫ್ ಇಂಜಿನಿಯರನ ಕೈಕೆಳಗೆ ದುಡಿದವರು.

“ಅವರು ನಮ್ಮ ಹಾಗೇ ಮಾರಾಯ,” ಎಂದರು. “ಕಿವಿಗೆ ಬಿದ್ದದ್ದನ್ನು ಬರೆಯುವುದು. ಫ್ರೆಂಚರು ಬಾಲಕ್ಕೆ ಕಟ್ಟಿದ ಅಕ್ಷರ ಎಲ್ಲ ಕತ್ತರಿಸಿ ಬಿಸಾಡಿದ್ದಾರೆ. ಪೆಝೋ ಅಂತ ಬರಿ, ರೆನೋ ಅಂತ ಬರಿ, ಮುಗೀತು. ನಮ್ಮ ‘ಹ’ ಅವರಲ್ಲಿ ಇಲ್ಲ, ಗಂಟಲು ಕೆರೆದು ‘ಖ’ ಅಂತಾರೆ. ಹೋಂಡಾ ಖೋಂಡಾ ಆಗ್ತದೆ.”

ಅಶ್ವತ್ಥನಿಗೆ ಹೋದ ಜೀವ ಬಂತು. ಮೊದಲು ಕನ್ನಡದಲ್ಲಿ ಬರೆದುಕೊಂಡು, ಆಮೇಲೆ ಒಂದೊಂದೇ ಅಕ್ಷರ ಬದಲಿಸುತ್ತ ಹೋದ. ಊರಿನ ಗ್ಯಾರೇಜಿನ ಬೋರ್ಡಿನಲ್ಲಿ ಪೇಂಟರು ಬರೆಯುತ್ತಿದ್ದದ್ದೂ ಹೀಗೇ ಅಲ್ಲವೇ ಎನಿಸಿ ಸ್ವಲ್ಪ ಹೆಮ್ಮೆಯೂ ಆಯಿತು. ಟೊಯೋಟಾ ಬಂದಾಗ ಮಾತ್ರ ಅಂಕಲ್, ಬರೆಯುವಾಗ ‘ತೊ’, ಹೇಳುವಾಗ ‘ತ’, ತಯೋತ ಎಂದರು. ಈಗ ತಾನೇ ಕೇಳಿದ್ದನ್ನೇ ಬರೀತಾರೆ ಅಂದ್ರಲ್ಲ ಎಂದು ಅಶ್ವತ್ಥ ಕೇಳಿದ.

“ಎಲ್ಲ ಕಾನೂನಿಗೂ ಒಂದು ಟೊಯೋಟಾ ಇರ್ತದೆ ಮಾರಾಯ,” ಎಂದು ಅಂಕಲ್ ಫೋನಿಟ್ಟರು.

ಮೂವತ್ತೊಂಬತ್ತು ಹೆಸರು ಮುಗಿದವು. ಹ್ಯುಂಡೈ ಕುತ್ತಿಗೆಗೆ ಬಂತು. ಇಂಟರ್ನೆಟ್ಟಿನಲ್ಲಿ ಖ್ಯೊಂದೇ, ಖೆಂದೈ, ಖುಂದೈ ಎಂದು ಮೂರು ಬಗೆ ಸಿಕ್ಕಿತು. ರಷ್ಯನ್ನರೇ ಇನ್ನೂ ತೀರ್ಮಾನಿಸದೆ ಜಗಳವಾಡುತ್ತಿರುವಂತಿತ್ತು. ಶಿವಕುಮಾರ ಕೇಳದೆಯೇ ಗುಂಪಿನಲ್ಲಿ ಮತದಾನಕ್ಕೆ ಹಾಕಿದ. ಖುಂದೈಗೆ ಒಂಬತ್ತು ಮತ, ಖ್ಯೊಂದೇಗೆ ಏಳು, ಖೆಂದೈಗೆ ಎರಡು. ಸೋತ ಪಕ್ಷದವರು ಗುಂಪು ಬಿಟ್ಟುಹೋಗುವುದಾಗಿ ಬೆದರಿಸಿದರು. ಗಂಟೆ ಒಂದು ದಾಟಿತ್ತು. ಅಶ್ವತ್ಥ ಮೂರನ್ನೂ ಬರೆದು ಚೀಟಿ ಮುದ್ರಿಸಲು ಓಡಿದ.

ಚೀಟಿ ಮುದ್ರಿಸುವ ಯಂತ್ರ ಬೆಂಗ್ಟ್‌ನ ಮೇಜಿನ ಮೇಲಿತ್ತು. ಬೆಂಗ್ಟ್ ಮೂವತ್ತೊಂದು ವರ್ಷದಿಂದ ಆ ಗೋದಾಮಿನಲ್ಲಿದ್ದ ಹಿರಿಯ. ದಿನಕ್ಕೆ ಹತ್ತು ಮಾತಾಡಿದರೆ ಆ ದಿನ ಅವನಿಗೆ ಜ್ವರವೆಂದು ತಿಳಿಯಬೇಕು. ಅಶ್ವತ್ಥನ ಹಾಳೆಯನ್ನು ಕನ್ನಡಕದ ಮೇಲಿನಿಂದ ನೋಡಿ, ಕೆಳಗಿನಿಂದ ನೋಡಿ, “ಯಾಹಾ” ಎಂದ. ಸ್ವೀಡಿಷ್‌ನಲ್ಲಿ ಅದಕ್ಕೆ ‘ಓಹೋ, ಹೀಗಾ’ ಎಂದರ್ಥ. ಟೈಪು ಮಾಡಿ ಒಂದೊಂದೇ ಚೀಟಿ ಕೈಗಿಟ್ಟ.

ಅಂಟಿಸುತ್ತ ಹೋದ ಅಶ್ವತ್ಥ ಅರ್ಧಕ್ಕೇ ನಿಂತ. ಹಲವು ಚೀಟಿಗಳು ಅವನು ಬರೆದ ಹಾಗಿರಲಿಲ್ಲ. ಬೀಟಲ್‌ನ ಕಪಾಟಿಗಂತೂ, ಅವನು ಹೊಡೆದುಹಾಕಿದ್ದ ಜೀರುಂಡೆಯೇ ಮರಳಿ ಬಂದು ಕೂತಿತ್ತು. ಓಡಿ ಬಂದು ಕೇಳಿದರೆ, “ಮೆಷಿನ್ ಹಳೇದು. ಒಂದೊಂದ್ಸಲ ಹೀಗೆ ಮಾಡುತ್ತೆ,” ಎಂದ ಬೆಂಗ್ಟ್. ಬದಲಿಸಲು ಹೊತ್ತಿರಲಿಲ್ಲ. ಹೊರಗೆ ಟ್ಯಾಕ್ಸಿ ನಿಂತಿತ್ತು.

ಎರ್ಲಾನ್ ಬಾಗಿಲಿನಷ್ಟೇ ಅಗಲವಾದ ಮನುಷ್ಯ, ತುಪ್ಪಳದ ಟೋಪಿ ಹಾಕಿದ್ದ. ಅಶ್ವತ್ಥ ಉಸಿರು ಬಿಗಿಹಿಡಿದು ತನಗೆ ಗೊತ್ತಿದ್ದ ಒಂದೇ ನಮಸ್ಕಾರವನ್ನು ಹೇಳಿದ. ಜ್ದ್ರಾಸ್ತ್ವುಯ್ತೆ ಎಂಬ ಆ ಮಾತು ಹೊರಬಂದಾಗ ಗುನಿಲ್ಲಾ ಅದನ್ನು ಸೀನೆಂದು ತಿಳಿದು ಕರವಸ್ತ್ರ ಚಾಚಿದಳು. ಆದರೆ ಎರ್ಲಾನ್‌ಗೆ ಅರ್ಥವಾಯಿತು. ಅವನು ಅಣೆಕಟ್ಟು ಒಡೆದ ಹಾಗೆ ರಷ್ಯನ್ ಸುರಿಸತೊಡಗಿದ. ಅಶ್ವತ್ಥ “ದಾ, ದಾ” ಎನ್ನುತ್ತ ಪಕ್ಕದಲ್ಲಿ ತೇಲಿಹೋದ. ಹೌದು ಎಂಬ ಆ ಒಂದು ಪದ ಎರಡು ವಾರದ ಏಸಿಯ ಕೊನೆಯ ತಂಪು.

ಆಶ್ಚರ್ಯವೆಂದರೆ ಎರ್ಲಾನ್ ಪ್ರತಿ ಕಪಾಟಿನೆದುರೂ ಓದಿ ತಲೆಯಾಡಿಸಿದ. ಹ್ಯುಂಡೈಯ ಮೂರು ಚೀಟಿ ಕಂಡು ಹೊಟ್ಟೆ ಹಿಡಿದು ನಕ್ಕ. ಜೀರುಂಡೆಯ ಮುಂದೆ ನಿಂತು ಚೀಟಿಯನ್ನೇ ತಟ್ಟಿದ. ಇದನ್ನೆಲ್ಲ ನೋಡಿ ಗುನಿಲ್ಲಾ ನಿಶ್ಚಿಂತೆಯಿಂದ ಒಪ್ಪಂದದ ಕಾಗದ ತರಲು ಹೋದಳು. ಆಗ ಎರ್ಲಾನ್ ಅಶ್ವತ್ಥನ ಭುಜ ಹಿಡಿದು ಉದ್ದದ ಪ್ರಶ್ನೆಯೊಂದನ್ನು ಕೇಳಿದ. ಅಶ್ವತ್ಥ ದಾ ಎಂದ. ಎರ್ಲಾನ್ ಹುಬ್ಬೇರಿಸಿ ಮತ್ತೆ ಕೇಳಿದ. ಅಶ್ವತ್ಥ ಇನ್ನೂ ಗಟ್ಟಿಯಾಗಿ ದಾ ಎಂದ. ಎರ್ಲಾನ್ ಅವನನ್ನು ನೆಲದಿಂದ ಎತ್ತಿ ತಬ್ಬಿಕೊಂಡ.

ಆಗಲೇ ಕಾಫಿಯ ತಟ್ಟೆ ಹಿಡಿದು ಬಂದ ಬೆಂಗ್ಟ್ ತಗ್ಗಿದ ದನಿಯಲ್ಲಿ ರಷ್ಯನ್ನಿನಲ್ಲಿ ಎರಡು ವಾಕ್ಯ ಹೇಳಿದ. ಎರ್ಲಾನ್ ಅಶ್ವತ್ಥನನ್ನು ಮೆಲ್ಲಗೆ ಕೆಳಗಿಳಿಸಿ, ಸಹಾನುಭೂತಿಯಿಂದ ತಲೆ ಸವರಿ, ಕಾಫಿ ತೆಗೆದುಕೊಂಡು ಪಕ್ಕದ ಕಪಾಟಿಗೆ ಹೋದ.

“ಮೂರು ವರ್ಷ ಅಲ್ಮಾಟಿಗೆ ಬಂದು ತನ್ನ ಗ್ಯಾರೇಜು ನೋಡ್ಕೊಳ್ತೀಯಾ ಅಂತ ಕೇಳಿದ,” ಎಂದ ಬೆಂಗ್ಟ್. “ನೀನು ಎರಡು ಸಲ ಒಪ್ಪಿದೆ. ಮನೆಯಲ್ಲಿ ಪುಟ್ಟ ಮಗಳಿದ್ದಾಳೆ ಅಂತ ಬಿಡಿಸಿದೆ.”

ಅಶ್ವತ್ಥನಿಗೆ ಆಗ ಹೊಳೆಯಿತು. ಚೀಟಿ ತಿದ್ದಿದ್ದು ಯಂತ್ರವಲ್ಲ, ಬೆಂಗ್ಟ್. ಆ ಸೀಮೆಯವರು ಬೀಟಲ್ ಕಾರನ್ನು ಪ್ರೀತಿಯಿಂದ ಕರೆಯುವುದೇ ಜೀರುಂಡೆ ಎಂದಂತೆ. ಬೆಂಗ್ಟ್ ಹರೆಯದಲ್ಲಿ ಸೇನೆಯ ದುಭಾಷಿ ಶಾಲೆಯಲ್ಲಿ ರಷ್ಯನ್ ಕಲಿತವನು.

“ಇಷ್ಟು ವರ್ಷ ಯಾರಿಗೂ ಯಾಕೆ ಹೇಳಲಿಲ್ಲ?”

“ಯಾರೂ ಕೇಳಲಿಲ್ಲ. ಮತ್ತೆ ನನಗೆ ಬರೋದೂ ಸ್ವಲ್ಪ,” ಎಂದ ಬೆಂಗ್ಟ್. ಅವನ ಆ ವರ್ಷದ ಮಾತು ಅಲ್ಲಿಗೆ ಮುಗಿಯಿತು.

ಮೂರು ಗಂಟೆಗೆ ಸೂರ್ಯ ಶಟರ್ ಎಳೆದುಕೊಂಡು ಹೊರಟಿದ್ದ. ಎರ್ಲಾನ್ ನಲವತ್ತು ಕಪಾಟಿನ ಮಾಲಿಗೂ ಸಹಿ ಹಾಕಿ ಹೋಗಿದ್ದ. ಗುನಿಲ್ಲಾಳ ಕೋಣೆಗೆ ಹೋಗುವಾಗ ಅಶ್ವತ್ಥ ನಿರ್ಧರಿಸಿಬಿಟ್ಟಿದ್ದ. ಇನ್ನೊಬ್ಬರ ಬೆವರಿನಲ್ಲಿ ಸ್ನಾನ ಮಾಡಿ ತಾನು ಶುದ್ಧ ಎನ್ನಲು ಮನಸ್ಸು ಒಪ್ಪಲಿಲ್ಲ. ಕೂತವನೇ, ತನಗೆ ರಷ್ಯನ್ ಬರುವುದಿಲ್ಲ, ಚೀಟಿ ಸರಿಮಾಡಿದ್ದು ಬೆಂಗ್ಟ್, ಅವನಿಲ್ಲದಿದ್ದರೆ ಎಲ್ಲ ಹಾಳಾಗುತ್ತಿತ್ತು ಎಂದು ಒಂದೇ ಉಸಿರಿಗೆ ಹೇಳಿದ.

ಗುನಿಲ್ಲಾ ಕುರ್ಚಿಗೊರಗಿ ನಕ್ಕಳು. “ಬೆಂಗ್ಟ್ ಈಗ ತಾನೇ ಬಂದು ಎಲ್ಲ ಮಾಡಿದ್ದು ನೀನು, ತಾನು ಬರೀ ಕಾಫಿ ತಂದದ್ದು ಅಂದ. ನೀನು ಬೆಂಗ್ಟ್ ಅಂತೀಯ. ಆರೇ ತಿಂಗಳಲ್ಲಿ ಪೂರ್ತಿ ಇಲ್ಲಿಯವನಾಗಿಬಿಟ್ಟೆ.”

ಕಾಯಂ ಪತ್ರಕ್ಕೆ ಸಹಿ ಹಾಕಿ ಕೈಗಿತ್ತಳು. ಅಶ್ವತ್ಥನ ಎದೆಯ ಮೇಲೆ ಏಳು ತಿಂಗಳಿಂದ ಕೂತಿದ್ದ ಆನೆ ಎದ್ದು, ಮೈ ಕೊಡವಿ, ಬಾಗಿಲು ದಾಟಿ ಹೋಯಿತು. ನಿಜ ಹೇಳಿಯೂ ಕೆಲಸ ಉಳಿಯಿತು. ಇದಕ್ಕಿಂತ ಒಳ್ಳೆಯ ದಿನ ಯಾವುದು? ಕಿಟಕಿಯಾಚೆಯ ಕತ್ತಲೂ ಅವನಿಗೆ ಚೆಂದ ಕಂಡಿತು.

ಗುನಿಲ್ಲಾ ಮೇಜಿನ ಕೆಳಗಿನಿಂದ ಬಣ್ಣದ ಕಾಗದ ಸುತ್ತಿದ ಪೊಟ್ಟಣವೊಂದನ್ನು ತೆಗೆದು ಕೊಟ್ಟಳು. ಒಳಗೆ ಕಂಪನಿಯ ಹೆಸರು ನೇಯ್ದ ಉಣ್ಣೆಯ ಟೋಪಿ. ಈ ಚಳಿಗೆ ಎಷ್ಟು ಉಪಕಾರವಾಯಿತು ಎಂದು ಅಶ್ವತ್ಥ ಕಣ್ಣು ತುಂಬಿಕೊಂಡು ತಲೆಗೆ ಹಾಕಿಕೊಂಡ.

“ಸರಿಯಾಗಿ ಕೂತಿದೆ,” ಎಂದು ಗುನಿಲ್ಲಾ ಅವನ ಬಯೋಡಾಟಾ ತೆಗೆದು ಹವ್ಯಾಸಗಳ ಸಾಲಿನ ಮೇಲೆ ಬೆರಳಿಟ್ಟಳು. “ಈಜು ಅಂತ ಒಂದೇ ಪದ ಬರೆದಿದ್ದೀಯ. ಆಗಲೇ ಅಂದುಕೊಂಡೆ, ಇವನು ಭಾರೀ ಈಜುಗಾರ ಇರಬೇಕು ಅಂತ. ಫೆಬ್ರವರಿಯಲ್ಲಿ ಕೆರೆಯ ಮಂಜುಗಡ್ಡೆ ಕೊರೆದು ರಿಲೇ ಈಜು ಇದೆ. ನಾನು, ಬೆಂಗ್ಟ್, ಲೆಕ್ಕದ ವಿಭಾಗದವಳು. ನಾಲ್ಕನೆಯವನು ನೀನು, ಹೆಸರು ಕೊಟ್ಟಾಯಿತು. ತಲೆಗೆ ಶೀತ ಹಿಡಿಯದಿರಲಿ ಅಂತ ಟೋಪಿ. ಸೋಮವಾರದಿಂದ ಅಭ್ಯಾಸ.”

ಅಶ್ವತ್ಥ ಹುಟ್ಟಿದ ಮೇಲೆ ಬಕೆಟ್ಟಿಗಿಂತ ಆಳವಾದ ನೀರು ಮುಟ್ಟಿದವನಲ್ಲ. “ನನಗೆ ಈಜು ಬರಲ್ಲ,” ಎಂದ. “ಸ್ವಲ್ಪಾನೂ ಬರಲ್ಲ.”

ಗುನಿಲ್ಲಾಳ ಕಣ್ಣು ಮೆಚ್ಚುಗೆಯಿಂದ ಹೊಳೆಯಿತು. “ಅಷ್ಟು ಚೆನ್ನಾಗಿ ಬರುತ್ತಾ?” ಎಂದಳು.

ಮನೆಗೆ ಹೋಗುವ ರೈಲಿನಲ್ಲಿ ಅವನು ನೀರಜಾಳಿಗೆ ಫೋನ್ ಮಾಡಿ ಕೆಲಸ ಕಾಯಂ ಆಯಿತು ಎಂದ. ಅವಳು ಅತ್ತು, ನಕ್ಕು, ದೇವರಿಗೆ ಕೈಮುಗಿದು, ಶಿವಕುಮಾರನ ಮನೆಯವರನ್ನೂ ಕರೆದು ಪಾಯಸ ಮಾಡ್ತೀನಿ, ಬೇರೇನಾದ್ರೂ ಬೇಕಾ ಎಂದು ಕೇಳಿದಳು.

ಅಶ್ವತ್ಥ ಟೋಪಿಯನ್ನು ಕಿವಿಯವರೆಗೆ ಎಳೆದುಕೊಂಡ.

“ಏನಿಲ್ಲ ಕಣೇ. ಬಚ್ಚಲಲ್ಲಿ ಟಬ್ ಇದೆಯಲ್ಲ, ಅದಕ್ಕೆ ತಣ್ಣೀರು ತುಂಬಿಸಿಡು. ಫ್ರಿಜ್ಜಲ್ಲಿರೋ ಐಸನ್ನೂ ಹಾಕಿಬಿಡು.”